ಈ ಸಲ ಸಾರಿನ ಪುಡಿ ಕಳಿಸುವುದಿಲ್ಲ

ಪ್ರೀತಿಯ ಪುಟ್ಟನಿಗೆ ದೊಡ್ಡಮ್ಮನ ಆಶೀರ್ವಾದಗಳು.

ನಿನ್ನ ಮೆಸೇಜ್ ನೋಡಿದೆ. "ಪುಡಿ ಖಾಲಿ ದೊಡ್ಡಮ್ಮ, ಒಂದು ಕೆಜಿ ಕೊರಿಯರ್ ಮಾಡಿ" ಅಂತ. ಮೊದಲೇ ಹೇಳಿಬಿಡುತ್ತೇನೆ, ಈ ಸಲ ಕಳಿಸುವುದಿಲ್ಲ. ಕೋಪ ಮಾಡಿಕೊಳ್ಳಬೇಡ. ಮಂಡಿ ನೋವಿಗೆ ಅಂತಲೂ ಅಲ್ಲ, ಅದು ಇದ್ದೇ ಇದೆ.

ಹೋದ ತಿಂಗಳು ಪುಣೆಗೆ ಬಂದಿದ್ದೆನಲ್ಲ, ಆಗ ನಿನ್ನ ಒಲೆಯ ಮೇಲಿನ ಶೆಲ್ಫಿನಲ್ಲಿ ಆ ಗಾಜಿನ ಬಾಟಲಿ ನೋಡಿದೆ. ಯುಗಾದಿಗೆ ಕಳಿಸಿದ ಪುಡಿ, ಕಾರ್ತಿಕ ಬಂದರೂ ಕಾಲು ಭಾಗ ಉಳಿದಿತ್ತು. ಕೆಂಪೆಲ್ಲ ಹೋಗಿ ಇಟ್ಟಿಗೆ ಪುಡಿಯ ಬಣ್ಣಕ್ಕೆ ತಿರುಗಿತ್ತು. ಮುಚ್ಚಳ ತೆಗೆದು ಮೂಸಿದರೆ ಖಾರ ಮಾತ್ರ ಮೂಗಿಗೆ ಹೊಡೆಯಿತು, ಧನಿಯಾ ಎಲ್ಲೂ ಇಲ್ಲ. ಅದೇ ಪುಡಿ ಹಾಕಿ ನೀನು ಮಾಡಿದ ಅಲಸಂದೆ ಸಾರು ಉಂಡು "ಚೆನ್ನಾಗಿದೆ ಕಣೋ" ಅಂದೆನಲ್ಲ, ಅದು ಸುಳ್ಳು. ಸಾರು ಕೆಟ್ಟಿರಲಿಲ್ಲ, ನೀನು ಕಾಳು ಬೇಯಿಸಿದ್ದು, ಒಗ್ಗರಣೆ ಕೊಟ್ಟಿದ್ದು ಎಲ್ಲ ಸರಿಯಾಗಿಯೇ ಇತ್ತು. ಪುಡಿ ಸತ್ತಿತ್ತು. ಒಂದು ಕೆಜಿ ಕಳಿಸಿದ ತಪ್ಪು ನನ್ನದು. ಇಬ್ಬರಿರುವ ಮನೆಗೆ ಅಷ್ಟು ಯಾಕೆ ಬೇಕು? ನಮ್ಮ ಕಾಲದಲ್ಲಿ ದಿನಕ್ಕೆ ಹತ್ತು ತಟ್ಟೆ ಬೀಳುತ್ತಿತ್ತು, ಸೇರುಗಟ್ಟಲೆ ಮಾಡಿದರೂ ಹಳೆಯದಾಗುವ ಮೊದಲೇ ಮುಗಿಯುತ್ತಿತ್ತು. ಆ ಅಳತೆಯನ್ನೇ ಹಿಡಿದುಕೊಂಡು ನಾನು ನಿನಗೂ ಕಳಿಸುತ್ತಿದ್ದೆ.

ಅಂಗಡಿ ಪ್ಯಾಕೆಟ್ ತರುತ್ತೇನೆ ಅಂತ ಹೆದರಿಸಿದ್ದೀಯ. ತಂದುಕೋ, ಬೇಡ ಅನ್ನುವುದಿಲ್ಲ. ಆದರೆ ಪ್ಯಾಕೆಟ್ ಹಿಂದೆ ಸಣ್ಣ ಅಕ್ಷರದಲ್ಲಿ ಬರೆದಿರುವುದನ್ನು ಒಮ್ಮೆ ಓದು. ಯಾವುದು ಜಾಸ್ತಿ ಹಾಕಿದ್ದಾರೋ ಅದರ ಹೆಸರು ಮೊದಲು ಇರುತ್ತದೆ. ಉಪ್ಪು ಎಷ್ಟನೆಯದು, ಬೇಳೆ ಎಷ್ಟನೆಯದು ನೋಡು. ಸಾಂಬಾರಿನ ಪುಡಿಗೆ ಕಡಲೆಬೇಳೆ, ಉದ್ದಿನಬೇಳೆ ಹುರಿದು ಹಾಕುವುದು ಸಾರು ಮಂದವಾಗಲಿ ಅಂತ. ಕಾಳಿನ ಸಾರಿಗೆ ಅದು ಯಾಕೆ? ಬೆಂದ ಕಾಳನ್ನೇ ಒಂದು ಹಿಡಿ ರುಬ್ಬಿ ಹಾಕಿದರೆ ಅದಕ್ಕಿಂತ ಚೆನ್ನಾಗಿ ಮಂದವಾಗುತ್ತದೆ. ಕಾಳಿನ ಮೇಲೆ ಬೇಳೆ ಸುರಿದರೆ ಗೋಡೆಗೆ ಹಚ್ಚುವ ಗಾರೆ ಆಗುತ್ತದೆ, ಸಾರಲ್ಲ.

ಅದಕ್ಕೇ ಕಾಳಿನ ಸಾರಿಗೆ ನಾನು ಮಾಡುವ ಪುಡಿ ತೀರ ಸಾದಾ. ಧನಿಯಾ ನೂರು ಗ್ರಾಂ, ಬ್ಯಾಡಗಿ ಮೆಣಸಿನಕಾಯಿ ಐವತ್ತು, ಗುಂಟೂರು ಇಪ್ಪತ್ತು, ಜೀರಿಗೆ ಇಪ್ಪತ್ತು, ಕಾಳುಮೆಣಸು ಹತ್ತು, ಮೆಂತ್ಯ ಒಂದು ಟೀ ಚಮಚ, ಸಾಸಿವೆ ಒಂದು ಚಮಚ, ಎರಡು ಹಿಡಿ ಕರಿಬೇವು, ಅರ್ಧ ಚಮಚ ಅರಿಶಿನ. ಅಷ್ಟೇ. ಎಲ್ಲ ಸೇರಿ ಇನ್ನೂರು ಗ್ರಾಂ ಚಿಲ್ಲರೆ ಆಗುತ್ತದೆ. ನೀವಿಬ್ಬರೂ ವಾರಕ್ಕೆ ಎರಡು ಸಲ ಕಾಳಿನ ಸಾರು ಮಾಡಿ, ಸಲಕ್ಕೆ ತಲೆಯೆತ್ತಿದ ಎರಡು ಚಮಚ ಹಾಕಿದರೆ ಎರಡು, ಎರಡೂವರೆ ತಿಂಗಳಿಗೆ ಬರುತ್ತದೆ. ಅದಕ್ಕಿಂತ ಜಾಸ್ತಿ ಮಾಡಲೇಬೇಡ.

ಕೊಬ್ಬರಿ ಎಲ್ಲಿ, ಗಸಗಸೆ ಎಲ್ಲಿ, ಚಕ್ಕೆ ಲವಂಗ ಎಲ್ಲಿ ಅಂತ ಕೇಳುತ್ತೀಯ, ಗೊತ್ತು. ನಿಮ್ಮಮ್ಮ ಅವನ್ನೆಲ್ಲ ಪುಡಿಗೇ ಹಾಕುತ್ತಾಳೆ. ನನಗೂ ಅವಳಿಗೂ ಈ ವಿಷಯಕ್ಕೆ ಮೂವತ್ತು ವರ್ಷದಿಂದ ಜಗಳ. ಕೊಬ್ಬರಿ, ಗಸಗಸೆಯಲ್ಲಿ ಎಣ್ಣೆ ಇದೆ, ತಿಂಗಳು ಕಳೆಯುವಷ್ಟರಲ್ಲಿ ಕಮಟು ವಾಸನೆ ಹಿಡಿಯುತ್ತದೆ, ಜೊತೆಗೆ ಚೆನ್ನಾಗಿರುವ ಧನಿಯಾವನ್ನೂ ಕೆಡಿಸುತ್ತದೆ. ಸಾರು ಮಾಡುವ ದಿನ ಹಸಿ ಕಾಯಿಯ ಜೊತೆ ರುಬ್ಬಿಕೊಂಡರೆ ಆಯಿತಲ್ಲ. ಇನ್ನು ನಿನ್ನ ಅಕ್ಕ ದುಬೈಗೆ ಒಯ್ಯಲು ಪುಡಿ ಕೇಳಿದರೆ ಗಸಗಸೆ ಒಂದು ಕಾಳೂ ಇರಬಾರದು. ಅಲ್ಲಿ ಅದು ನಿಷೇಧ, ಏರ್‌ಪೋರ್ಟಿನಲ್ಲಿ ಸಿಕ್ಕಿಹಾಕಿಕೊಂಡರೆ ದೊಡ್ಡ ರಗಳೆ.

ಮೆಣಸಿನಕಾಯಿಗೆ ಒಂದು ಮಾತು. ಪುಣೆಯ ಅಂಗಡಿಯಲ್ಲಿ "ಬೇಡಗಿ" ಅಂತ ಕೇಳು, ಕೊಡುತ್ತಾರೆ. ಅದು ನಮ್ಮ ಹಾವೇರಿ ಜಿಲ್ಲೆಯ ಬ್ಯಾಡಗಿಯ ಹೆಸರೇ, ಮರಾಠಿಯವರ ಬಾಯಲ್ಲಿ ಹಾಗಾಗಿದೆ. 2011ರಲ್ಲಿ ಭೌಗೋಳಿಕ ಸೂಚಿಕೆಯ (ಜಿಐ ಟ್ಯಾಗ್) ಮಾನ್ಯತೆ, ಅಂದರೆ ಆ ಸೀಮೆಯ ಬೆಳೆಗೇ ಆ ಹೆಸರು ಅನ್ನುವ ಸರ್ಕಾರಿ ಮುದ್ರೆ, ಸಿಕ್ಕ ಮೆಣಸಿನಕಾಯಿ ಅದು. ಅದರಲ್ಲಿ ಡಬ್ಬಿ ಅಂತ ಒಂದು, ಕಡ್ಡಿ ಅಂತ ಒಂದು. ಕಡ್ಡಿ ಉದ್ದಕ್ಕೆ ಸಪೂರ, ಡಬ್ಬಿ ಗಿಡ್ಡಕ್ಕೆ ದುಂಡಗೆ. ಡಬ್ಬಿ ಸಿಕ್ಕರೆ ಬಿಡಬೇಡ, ಬಣ್ಣ ಮತ್ತು ಘಮ ಎರಡೂ ಅದರಲ್ಲೇ ಜಾಸ್ತಿ. ಮೈಯೆಲ್ಲ ಸುಕ್ಕು ಸುಕ್ಕಾಗಿ ಇರಬೇಕು. ನಯವಾಗಿ ಹೊಳೆಯುವುದನ್ನು ಬ್ಯಾಡಗಿ ಅಂತ ಕೊಟ್ಟರೆ ತಗೊಳ್ಳಬೇಡ. ಬ್ಯಾಡಗಿ ಬಣ್ಣಕ್ಕೆ, ಗುಂಟೂರು ಖಾರಕ್ಕೆ. ನಿನ್ನ ಹೆಂಡತಿಗೆ ಖಾರ ಆಗುವುದಿಲ್ಲ ಅಂದರೆ ಗುಂಟೂರು ಹತ್ತು ಗ್ರಾಂಗೆ ಇಳಿಸು, ಬ್ಯಾಡಗಿಯ ತಂಟೆಗೆ ಹೋಗಬೇಡ.

ಈಗ ಹುರಿಯುವುದು. ಇಲ್ಲಿ ಅವಸರ ಮಾಡಿದರೆ ಮುಂದೆ ಏನು ಮಾಡಿದರೂ ಸರಿಹೋಗುವುದಿಲ್ಲ. ದಪ್ಪ ತಳದ ಬಾಣಲೆ, ಸಣ್ಣ ಉರಿ, ಒಂದೊಂದನ್ನೂ ಬೇರೆ ಬೇರೆಯಾಗಿ ಹುರಿಯಬೇಕು. ಎಲ್ಲ ಒಟ್ಟಿಗೆ ಸುರಿದರೆ ಏನಾಗುತ್ತದೆ ಗೊತ್ತಾ, ಧನಿಯಾ ಹಸಿಯಾಗಿರುವಾಗಲೇ ಜೀರಿಗೆ ಸೀದುಹೋಗಿರುತ್ತದೆ. ಮೊದಲು ಧನಿಯಾ. ಕೈ ಬಿಡದೆ ಆಡಿಸು. ಐದಾರು ನಿಮಿಷಕ್ಕೆ ಬಣ್ಣ ಒಂದು ಗೆರೆಯಷ್ಟು ಗಾಢವಾಗುತ್ತದೆ. ಆಗ ಎರಡು ಕಾಳು ಎತ್ತಿ ಬೆರಳಲ್ಲಿ ಒತ್ತಿ ನೋಡು. ಹಸಿ ಧನಿಯಾ ಬಗ್ಗುತ್ತದೆ. ಹುರಿದದ್ದು ಟಕ್ ಅಂತ ಎರಡು ಹೋಳಾಗುತ್ತದೆ, ಬೆರಳಿಗೆ ಕಿತ್ತಳೆ ಸಿಪ್ಪೆಯಂಥ ವಾಸನೆ ಹತ್ತುತ್ತದೆ. ಆ ವಾಸನೆ ಬಂದ ತಕ್ಷಣ ತಟ್ಟೆಗೆ ಸುರಿದುಬಿಡು. ಒಲೆ ಆರಿಸಿ ಬಾಣಲೆಯಲ್ಲೇ ಬಿಟ್ಟರೂ ತಪ್ಪು, ತಳದ ಬಿಸಿಗೆ ಮತ್ತೂ ಹುರಿಯುತ್ತಲೇ ಇರುತ್ತದೆ.

ಆಮೇಲೆ ಜೀರಿಗೆ, ಒಂದೇ ನಿಮಿಷ. ಕಾಳುಮೆಣಸು ಸ್ವಲ್ಪ ಉಬ್ಬಿ ಒಂದೆರಡು ಸಿಡಿದರೆ ಸಾಕು. ಸಾಸಿವೆ ಚಟಪಟ ಅಂದರೆ ಸಾಕು. ಕರಿಬೇವನ್ನು ತೊಳೆದು ಬಟ್ಟೆಯ ಮೇಲೆ ಪೂರ್ತಿ ಒಣಗಿಸಿರಬೇಕು, ಹುರಿದಾಗ ಕೈಯಲ್ಲಿ ಹಿಚುಕಿದರೆ ಪುಡಿಯಾಗಬೇಕು. ಒಂದು ಎಲೆ ಮೆತ್ತಗಿದ್ದರೂ ಡಬ್ಬಿಯ ಪುಡಿಯೆಲ್ಲ ಉಂಡೆ ಕಟ್ಟುತ್ತದೆ.

ಮೆಂತ್ಯದ ಮುಂದೆ ಮಾತ್ರ ನಿಂತೇ ಇರು. ಮದುವೆಯಾಗಿ ಮಂಡ್ಯಕ್ಕೆ ಬಂದ ಮೊದಲ ವರ್ಷ, ಅತ್ತೆ ತವರಿಗೆ ಹೋಗಿದ್ದರು, ಅವರು ಬರುವುದರೊಳಗೆ ಪುಡಿ ಮಾಡಿಟ್ಟು ಹೊಗಳಿಸಿಕೊಳ್ಳಬೇಕು ಅಂತ ನನಗೆ ಆಸೆ. ಎರಡು ಸೇರು ಧನಿಯಾ ಹುರಿದೆ, ಎಲ್ಲ ಚೆನ್ನಾಗಿಯೇ ಬಂತು. ಕೊನೆಗೆ ಮೆಂತ್ಯ ಹಾಕಿದೆ, ಅಷ್ಟರಲ್ಲಿ ಬಾಗಿಲಲ್ಲಿ ಹಾಲಿನವನು ಕೂಗಿದ. ಚಿಲ್ಲರೆ ಹುಡುಕಿ ಕೊಟ್ಟು ಬರುವಷ್ಟರಲ್ಲಿ ಮೆಂತ್ಯ ಕಾಫಿ ಬೀಜದ ಬಣ್ಣಕ್ಕೆ ಬಂದಿತ್ತು. ಒಂದು ಹಿಡಿ ತಾನೇ, ಅಷ್ಟರಲ್ಲಿ ಏನು ಗೊತ್ತಾಗುತ್ತದೆ ಅಂತ ಎಲ್ಲದರ ಜೊತೆ ಬೆರೆಸಿ ಮಿಲ್ಲಿಗೆ ಕೊಟ್ಟುಬಿಟ್ಟೆ. ಮೂರು ತಿಂಗಳು ಮನೆಯವರೆಲ್ಲ ಕಹಿ ಸಾರು ಉಂಡರು. ಅತ್ತೆ ಒಂದು ಮಾತೂ ಆಡಲಿಲ್ಲ. ಮಾವನವರು ಊಟಕ್ಕೆ ಕೂತಾಗಲೆಲ್ಲ ತಟ್ಟೆಯ ಅಂಚಿನಲ್ಲಿ ಒಂದು ಚೂರು ಬೆಲ್ಲ ಇಟ್ಟುಕೊಳ್ಳುತ್ತಿದ್ದರು, ಅಷ್ಟೇ. ಆ ಬೆಲ್ಲದ ಚೂರು ಇವತ್ತಿಗೂ ಕಣ್ಣ ಮುಂದೆ ಬರುತ್ತದೆ. ಮೆಂತ್ಯ ಜೇನಿನ ಬಣ್ಣಕ್ಕೆ ಬಂದರೆ ನಿಲ್ಲಿಸು. ಅದು ದಾಟಿದರೆ ಆ ಚಮಚ ಮೆಂತ್ಯ ಚೆಲ್ಲಿ ಬೇರೆ ಹುರಿ, ಎರಡು ರೂಪಾಯಿಯ ಮಾಲು.

ಮೆಣಸಿನಕಾಯಿ ಕೊನೆಗೆ. ತೊಟ್ಟು ಬಿಡಿಸಿ, ನಾಲ್ಕು ಹನಿ ಎಣ್ಣೆ ಸವರಿ, ಒಲೆ ಆರಿಸಿದ ಬಿಸಿ ಬಾಣಲೆಗೆ ಹಾಕಿ ಆಡಿಸು. ಗರಿಗರಿ ಆಗದಿದ್ದರೆ ಮತ್ತೆ ಅರ್ಧ ನಿಮಿಷ ಸಣ್ಣ ಉರಿ. ಅಲ್ಲಾಡಿಸಿದರೆ ಒಳಗಿನ ಬೀಜ ಗಲಗಲ ಅನ್ನಬೇಕು. ಕಪ್ಪಾಗಿಸಿದರೆ ಬಣ್ಣವೂ ಹೋಯಿತು, ಘಾಟಿಗೆ ಪಕ್ಕದ ಫ್ಲಾಟಿನವರೂ ಕೆಮ್ಮಿಕೊಂಡು ಬಂದು ಬಾಗಿಲು ತಟ್ಟುತ್ತಾರೆ. ಕಿಟಕಿ ಮೊದಲೇ ತೆಗೆದಿಡು.

ಪೂರ್ತಿ ಆರಿದ ಮೇಲೆ ಮಿಕ್ಸಿಗೆ ಹಾಕು. ಇಷ್ಟು ಸ್ವಲ್ಪಕ್ಕೆ ಮಿಲ್ಲಿಗೆ ಹೋಗುವುದು ಬೇಡ. ನಿಮ್ಮ ಕಡೆ ಮೆಣಸಿನಕಾಯಿ ಕುಟ್ಟುವ ಮಿಲ್ಲಿಗೆ "ಮಿರ್ಚಿ ಕಾಂಡಪ್" ಅಂತ ಬೋರ್ಡ್ ಹಾಕಿರುತ್ತಾರಲ್ಲ, ಅದು ಕೆಜಿಗಟ್ಟಲೆ ಮಾಡಿಸುವವರಿಗೆ. ಮಿಕ್ಸಿಯನ್ನು ಒಂದೇ ಸಮನೆ ಓಡಿಸಬೇಡ, ನಿಲ್ಲಿಸಿ ನಿಲ್ಲಿಸಿ ಓಡಿಸು, ಜಾರು ಬಿಸಿಯಾದರೆ ಘಮ ಹಾರಿಹೋಗುತ್ತದೆ. ತೀರ ನುಣ್ಣಗೂ ಬೇಡ. ಆಮೇಲೆ ಅರಿಶಿನ ಬೆರೆಸಿ, ಪೇಪರಿನ ಮೇಲೆ ಹರವಿ ಒಂದು ಗಂಟೆ ಬಿಡು. ಬಿಸಿ ಪುಡಿಯನ್ನೇ ಡಬ್ಬಿಗೆ ತುಂಬಿ ಮುಚ್ಚಿದರೆ ಒಳಗೆ ಬೆವರುತ್ತದೆ, ಬೂಷ್ಟು ಹಿಡಿಯುತ್ತದೆ. ಸ್ಟೀಲ್ ಡಬ್ಬಿ, ಒಣ ಚಮಚ. ಒಲೆ ಮೇಲಿನ ಆ ಶೆಲ್ಫು ಮಾತ್ರ ಬೇಡವೇ ಬೇಡ. ಬಿಸಿ, ಬೆಳಕು, ಹಬೆ ಮೂರೂ ಅಲ್ಲಿವೆ, ನನ್ನ ಪುಡಿಯನ್ನು ಕೊಂದದ್ದು ಅದೇ. ಅರ್ಧ ಪುಡಿ ಫ್ರಿಜ್ಜಿನಲ್ಲಿಡು.

ಈ ಪುಡಿ ಸಾದಾ ಯಾಕೆ ಅಂದೆ ಅಂದರೆ, ಉಳಿದದ್ದನ್ನು ಕಾಳು ಹೇಳುತ್ತದೆ. ಹುರುಳಿಕಾಳು ಗಟ್ಟಿ ಆಸಾಮಿ. ರಾತ್ರಿ ನೆನೆಸಿ, ಸಾಧ್ಯವಾದರೆ ಮೊಳಕೆ ಬರಿಸಿ, ನೀರು ಜಾಸ್ತಿ ಇಟ್ಟು ಬೇಯಿಸಿ ಕಟ್ಟು ಬಸಿದುಕೋ. ಒಂದು ಹಿಡಿ ಬೆಂದ ಕಾಳು, ಸುಟ್ಟ ಈರುಳ್ಳಿ, ಎಂಟು ಹತ್ತು ಎಸಳು ಬೆಳ್ಳುಳ್ಳಿ, ಸ್ವಲ್ಪ ಕಾಯಿ, ಎರಡು ಚಮಚ ಪುಡಿ ರುಬ್ಬಿ ಕಟ್ಟಿಗೆ ಬೆರೆಸಿ ಕುದಿಸು. ಇದಕ್ಕೆ ಮೇಲಿಂದ ಒಂದು ಚಿಟಿಕೆ ಜೀರಿಗೆ, ಮೆಣಸು ಹಸಿಯಾಗಿ ಕುಟ್ಟಿ ಹಾಕಿದರೂ ತಡೆಯುತ್ತದೆ. ಅಲಸಂದೆ ಮೃದು, ಬದನೆಕಾಯಿ ಹಾಕಿದರೆ ಇನ್ನೂ ಚೆನ್ನ, ಪುಡಿ ಒಂದೂವರೆ ಚಮಚ ಸಾಕು. ಕಡಲೆಕಾಳಿಗೆ ಕಾಯಿ ಜಾಸ್ತಿ ಬೇಕು. ಹೆಸರುಕಾಳಿಗೆ ಇಷ್ಟೆಲ್ಲ ಉಪಚಾರ ಬೇಡ.

ಅವರೆಯ ವಿಷಯ ಬೇರೆ. ಈಗ ಇಲ್ಲಿ ಸೊಗಡಿನ ಅವರೆಕಾಯಿ ಶುರುವಾಗಿದೆ, ಬಿಡಿಸಿದರೆ ಕೈಗೆಲ್ಲ ಅಂಟು, ಎರಡು ಸಲ ಸೋಪು ಹಾಕಿ ತೊಳೆದರೂ ವಾಸನೆ ಹೋಗುವುದಿಲ್ಲ. ಆ ಸೊಗಡಿಗೇ ಜನ ದುಡ್ಡು ಕೊಡುವುದು. ಹಸಿ ಅವರೆಗೆ ಎರಡು ಚಮಚ ಪುಡಿ ಸುರಿದರೆ ಸೊಗಡು ಸತ್ತುಹೋಗುತ್ತದೆ. ಒಂದೇ ಚಮಚ ಹಾಕು, ಕಾಯಿ ರುಬ್ಬುವಾಗ ಒಂದು ಸಣ್ಣ ಚೂರು ಚಕ್ಕೆ, ಎರಡು ಲವಂಗ, ಅರ್ಧ ಚಮಚ ಗಸಗಸೆ ಸೇರಿಸು. ಚಕ್ಕೆ ಲವಂಗ ಪುಡಿಯಲ್ಲೇ ಇದ್ದಿದ್ದರೆ ನಿನ್ನ ಹುರುಳಿ ಸಾರೂ ಅವರೆ ಸಾರಿನ ಹಾಗೇ ಇರುತ್ತಿತ್ತು, ಅಲ್ವಾ? ನಿಮ್ಮಮ್ಮನಿಗೆ ಇದನ್ನು ಓದಿ ಹೇಳು.

ಹುಣಸೆಹುಳಿ ಯಾವತ್ತೂ ಕಾಳು ಬೆಂದ ಮೇಲೆಯೇ. ಮೊದಲೇ ಹಾಕಿದರೆ ಕಾಳು ಬಿಗಿದುಕೊಳ್ಳುತ್ತದೆ, ಎಷ್ಟು ವಿಷಲ್ ಹಾಕಿಸಿದರೂ ಮೆತ್ತಗಾಗುವುದಿಲ್ಲ. ಪುಡಿ ಹಾಕಿದ ಮೇಲೆ ಹತ್ತು ನಿಮಿಷವಾದರೂ ಕುದಿಯಬೇಕು, ಮೇಲೆ ಕೆಂಪು ಎಣ್ಣೆಯ ಪದರ ತೇಲಬೇಕು. ನಮ್ಮ ಮನೆಯಲ್ಲಿ ಬೆಳ್ಳುಳ್ಳಿ ಹಾಕಿದ ಸಾರಿಗೆ ಇಂಗು ಹಾಕುವುದಿಲ್ಲ. ಬೆಳ್ಳುಳ್ಳಿ ಇಲ್ಲದ ದಿನ ಒಗ್ಗರಣೆಗೆ ಇಂಗು, ಪುಡಿಗಲ್ಲ.

ಇನ್ನೊಂದು, ಮರೆಯುವ ಮೊದಲು. ಮದುವೆಗೆ ಯಾರೋ ಕೊಟ್ಟ ಆ ಕರೆಂಟ್ ಪಾತ್ರೆಯಲ್ಲಿ, ಬೆಳಿಗ್ಗೆ ಹಾಕಿ ಹೋದರೆ ಸಂಜೆಗೆ ನಿಧಾನಕ್ಕೆ ಬೇಯುತ್ತದಲ್ಲ, ಅದರಲ್ಲಿ ರಾಜ್ಮಾ ಹಸಿಯಾಗಿ ಹಾಕಬೇಡ. ರಾಜ್ಮಾದಲ್ಲಿ ಲೆಕ್ಟಿನ್ ಅಂತ ಒಂದು ವಿಷದ ಅಂಶ ಇರುತ್ತದೆ, ಚೆನ್ನಾಗಿ ಕುದಿದರೆ ಮಾತ್ರ ಹೋಗುತ್ತದೆ, ಅರೆಬೆಂದರೆ ವಾಂತಿ, ಭೇದಿ. ರಾತ್ರಿ ನೆನೆಸು, ಆ ನೀರು ಚೆಲ್ಲು, ಹೊಸ ನೀರಿನಲ್ಲಿ ಕುಕ್ಕರಿಗೆ ಹಾಕು. ಕುಕ್ಕರಿನಲ್ಲಿ ಬೆಂದದ್ದಕ್ಕೆ ಭಯ ಇಲ್ಲ.

ಸಂಕ್ರಾಂತಿಗೆ ಬರುತ್ತೀಯಲ್ಲ, ನೀನು ಮಾಡಿದ ಪುಡಿ ಎರಡು ಚಮಚ ಒಂದು ಸಣ್ಣ ಡಬ್ಬಿಯಲ್ಲಿ ಹಾಕಿಕೊಂಡು ಬಾ. ಅವರೆಕಾಳು ನಾನು ಬಿಡಿಸಿಟ್ಟಿರುತ್ತೇನೆ. ಏನಾದರೂ ಅನುಮಾನ ಬಂದರೆ ಫೋನ್ ಮಾಡು, ಆದರೆ ಮೆಂತ್ಯ ಬಾಣಲೆಯಲ್ಲಿರುವಾಗ ಮಾಡಬೇಡ. ಮಾಡಿದರೂ ನಾನು ಎತ್ತುವುದಿಲ್ಲ.

ಇಂತಿ,
ನಿನ್ನ ದೊಡ್ಡಮ್ಮ