ಆ ರಾತ್ರಿ ಕೆಳಗಿಳಿದು ಬಂದ ಓಮಾಗೆ

ನವೆಂಬರ್ ಒಂದರಂದು ಜರ್ಮನಿಯ ನಮ್ಮ ಕೊಲೋನ್ ಕನ್ನಡ ಬಳಗದ ರಾಜ್ಯೋತ್ಸವದಲ್ಲಿ ಮೈಕ್ ಹಿಡಿದು ಒಂದು ಸಾಲು ಹೇಳಿದೆ. ಒಂದೇ ಸಾಲು. ಎಂಟು ವರ್ಷ ನಾನೇ ನಿರೂಪಣೆ ಮಾಡಿದ ವೇದಿಕೆ ಅದು. ಈ ಸಲ ಆ ಒಂದು ಸಾಲಿಗೆ ಏಳು ತಿಂಗಳು ಹಿಡಿಯಿತು.

ಆಪರೇಷನ್ ಯಾಕಾಯಿತು, ಆಮೇಲೆ ಗಂಟಲಿಗೆ ಏನಾಗಿ ಧ್ವನಿಯೇ ಹೋಯಿತು ಎಂದೆಲ್ಲ ಬಳಗದ ನಿಮಗೆ ಗೊತ್ತೇ ಇದೆ. ಅದನ್ನು ಮತ್ತೆ ಬರೆಯುವುದಿಲ್ಲ. ಇವತ್ತು ಥ್ಯಾಂಕ್ಸ್ ಹೇಳುವುದಕ್ಕೆ ಕೂತಿದ್ದೇನೆ.

ಸಾರು, ಪಲ್ಯ ಡಬ್ಬಿಗೆ ತುಂಬಿ ಬಾಗಿಲಿಗೆ ತಂದುಕೊಟ್ಟ ಬಳಗದ ಗೆಳತಿಯರಿಗೆ, ನನ್ನ ಕೆಲಸವನ್ನೂ ಹಂಚಿಕೊಂಡು ಮಾಡಿದ ಆಫೀಸಿನವರಿಗೆ, ದಿನಾ ಸಂಜೆ ಫೋನ್ ಮಾಡಿ ನನ್ನಿಂದ ಒಂದು ‘ಹೂಂ’ ಕೂಡ ಬರದಿದ್ದರೂ ಅರ್ಧ ಗಂಟೆ ಮಾತಾಡುತ್ತಿದ್ದ ಅಮ್ಮನಿಗೆ, ಮತ್ತೆ ‘ಅ’ದಿಂದ ಶುರು ಮಾಡಿಸಿದ ಸ್ಪೀಚ್ ಥೆರಪಿಸ್ಟ್‌ಗೆ, ವರ್ಷದ ರಜೆಯನ್ನೆಲ್ಲ ನನಗಾಗಿ ಖರ್ಚು ಮಾಡಿದ ನನ್ನ ಯಜಮಾನರಿಗೆ ನಾನು ಋಣಿ. ನೀವು ಒಬ್ಬೊಬ್ಬರೂ ಮಾಡಿದ್ದು ನೆನಪಿದೆ.

ಆದರೆ ಇವತ್ತಿನ ಈ ಬರಹ ಜಾಸ್ತಿ ಓಮಾಗೆ ಸೇರಬೇಕು.

ಓಮಾ ಅಂದರೆ ಇಲ್ಲಿನವರ ಬಾಯಲ್ಲಿ ಅಜ್ಜಿ. ನಮ್ಮ ಮೇಲಿನ ಮನೆಯವರು. ಎಂಬತ್ತರ ಹತ್ತಿರದ ವಯಸ್ಸು. ನನ್ನ ಮಗಳು ಹಾಗೆ ಕರೆಯುತ್ತಾಳೆ ಅಂತ ನಾವೂ ಹಾಗೇ ಕರೆಯುತ್ತೇವೆ. ಆಸ್ಪತ್ರೆಯಿಂದ ಬಂದ ದಿನವೇ ಅವರು ಹೇಳಿದ್ದರು: ‘ಕರೆಯುವುದಕ್ಕೆ ನಿನಗೆ ಆಗುವುದಿಲ್ಲ. ಬೇಕಾದಾಗ ಪೊರಕೆ ಹಿಡಿಯಿಂದ ಸೀಲಿಂಗ್‌ಗೆ ಮೂರು ಸಲ ಬಡಿ.’

ಐದನೇ ರಾತ್ರಿ ಬಡಿದೆ. ಯಜಮಾನರು ತಪ್ಪಿಸಲಾಗದ ಕೆಲಸಕ್ಕೆ ಮ್ಯೂನಿಕ್‌ಗೆ ಹೋಗಿದ್ದರು. ಮಗಳು ಮಲಗುವಾಗ ‘ಅಮ್ಮಾ, ಕಥೆ’ ಅಂದಳು. ಬಾಯಿ ತೆರೆದೆ. ಗಾಳಿ ಬಂತು, ಅಷ್ಟೆ. ಅವಳು ಸ್ವಲ್ಪ ಹೊತ್ತು ನನ್ನ ಮುಖ ನೋಡಿ, ‘ಪರವಾಗಿಲ್ಲ ಅಮ್ಮ, ನಾನೇ ಹೇಳ್ತೀನಿ’ ಅಂತ ನರಿ ಕಥೆಯನ್ನು ತಾನೇ ಹೇಳಿಕೊಂಡು ನಿದ್ದೆ ಹೋದಳು. ಆಗ ಅವಳಿಗೆ ಆರು ವರ್ಷ. ಇದನ್ನು ಇಲ್ಲಿಯವರೆಗೆ ಯಾರಿಗೂ ಹೇಳಿರಲಿಲ್ಲ. ಆ ಕ್ಷಣ ಮನೆಯಲ್ಲಿದ್ದ ಪಾತ್ರೆಯನ್ನೆಲ್ಲ ಗೋಡೆಗೆ ಎಸೆಯಬೇಕು ಅನ್ನಿಸಿತು.

ಓಮಾ ರಾತ್ರಿ ಅಂಗಿಯ ಮೇಲೆ ಕೋಟು ಹಾಕಿಕೊಂಡು ಇಳಿದು ಬಂದರು. ಸೋಂಪಿನ ಟೀ ಮಾಡಿದರು. ಏನಾಯಿತು ಅಂತ ಕೇಳಲಿಲ್ಲ. ಅಡುಗೆಮನೆಯ ಕುರ್ಚಿಯಲ್ಲಿ ಕೂತು ಕಥೆ ಶುರು ಮಾಡಿದರು, ನನಗೆ ಅರ್ಥವಾಗುವಷ್ಟು ನಿಧಾನ ಜರ್ಮನ್‌ನಲ್ಲಿ. ನಾನು ಉತ್ತರ ಕೊಡಬೇಕಾಗಿರಲಿಲ್ಲ. ಬೆಳಗಿನ ಐದರವರೆಗೆ ಅವರು ಹೇಳಿದ್ದು ಎಡ್ಡಾ ಮೋಸರ್ ಎಂಬ ಗಾಯಕಿಯ ಕಥೆ. ಓಮಾ ಹರೆಯದಿಂದ ಆರಾಧಿಸಿಕೊಂಡು ಬಂದ ಸೊಪ್ರಾನೊ, ಅಂದರೆ ತುಂಬ ಎತ್ತರದ ಸ್ವರದಲ್ಲಿ ಹಾಡುವವರು.

ಎಡ್ಡಾ 1938ರಲ್ಲಿ ಬರ್ಲಿನ್‌ನಲ್ಲಿ ಹುಟ್ಟಿದವರು. ಅಪ್ಪ ಸಂಗೀತ ವಿದ್ವಾಂಸ. 1962ರಲ್ಲಿ ಬರ್ಲಿನ್‌ನಲ್ಲೇ ಮೊದಲ ಸಲ ಒಪೆರಾ, ಅಂದರೆ ಹಾಡಿನಲ್ಲೇ ನಡೆಯುವ ನಾಟಕದ, ವೇದಿಕೆ ಹತ್ತಿದರು. ‘ಮಡಾಮ ಬಟರ್‌ಫ್ಲೈ’ಯಲ್ಲಿ ಕೇಟ್ ಪಾತ್ರ, ಕೊನೆಯಲ್ಲಿ ಬಂದು ನಾಲ್ಕು ಮಾತು ಹಾಡಿ ಹೋಗುವಂಥದ್ದು. ಆಮೇಲೆ ಹಾಗೆನ್, ಬೀಲೆಫೆಲ್ಡ್ ಥರದ ಊರುಗಳ ಥಿಯೇಟರ್‌ಗಳು. 1968ರಲ್ಲಿ ವಾದ್ಯವೃಂದದ ಹೆಸರಾಂತ ನಿರ್ದೇಶಕ ಕರಾಯನ್ ಅವರ ಕೆಳಗೆ ವಾಗ್ನರ್ ಒಪೆರಾದಲ್ಲಿ ರೈನ್ ನದಿಯ ಕನ್ಯೆಯರಲ್ಲಿ ಒಬ್ಬಳಾಗಿ ಹಾಡಿದರು, ಅದೇ ವರ್ಷ ನ್ಯೂಯಾರ್ಕ್‌ನ ಮೆಟ್ರೊಪಾಲಿಟನ್ ಒಪೆರಾದಲ್ಲೂ.

ಅದೇ ಡಿಸೆಂಬರ್ 9ಕ್ಕೆ ಹ್ಯಾಂಬರ್ಗ್. ಸಂಗೀತ ರಚನೆಕಾರ ಹೆನ್ಸೆ ಅವರ ‘ಮೆಡೂಸಾದ ತೆಪ್ಪ’ದ ಮೊದಲ ಪ್ರದರ್ಶನ. ಚೆ ಗುವಾರಾ ನೆನಪಿಗೆ ಬರೆದ ಸಂಗೀತ. ಎಡ್ಡಾ ಅವರದು ಸಾವಿನ ಪಾತ್ರ. ವೇದಿಕೆಯಲ್ಲಿ ಯಾರೋ ಕೆಂಪು ಬಾವುಟ ಕಟ್ಟಿದರು. ಬರ್ಲಿನ್‌ನಿಂದ ಬಂದ ಕೋರಸ್‌ನವರು ಅದರ ಕೆಳಗೆ ಹಾಡುವುದಿಲ್ಲ ಅಂದರು. ಗಲಾಟೆ, ಪೊಲೀಸರು. ಕೊನೆಗೆ ಕಛೇರಿ ನಡೆಯಲೇ ಇಲ್ಲ. ರೇಡಿಯೋದವರು ಮೊದಲೇ ರೆಕಾರ್ಡ್ ಮಾಡಿದ್ದ ರಿಹರ್ಸಲ್ ಹಾಕಿದರು. ಓಮಾ ಆ ರಾತ್ರಿ ರೇಡಿಯೋ ಮುಂದೆ ಕೂತಿದ್ದರಂತೆ. ‘ಹಾಡುವವರು ಅಲ್ಲಿ ಬಾಯಿ ಮುಚ್ಚಿಕೊಂಡು ನಿಂತಿದ್ದರು. ನಮಗೆ ಕೇಳಿದ್ದು ಹಳೇ ಧ್ವನಿ’ ಅಂದರು. ನಾನು ಆಗ ಅತ್ತೆ. ಹೋದ ರಾಜ್ಯೋತ್ಸವದ ವಿಡಿಯೋದಲ್ಲಿ ನನ್ನ ಧ್ವನಿಯನ್ನು ಅವತ್ತು ಮಧ್ಯಾಹ್ನವೇ ಹತ್ತು ಸಲ ಕೇಳಿಸಿಕೊಂಡಿದ್ದೆ. ಅದು ಅವರಿಗೆ ಗೊತ್ತಿರಲಿಲ್ಲ.

ಅಳು ನೋಡಿ ಅವರು ಸಮಾಧಾನದ ಮಾತು ಹೇಳಲಿಲ್ಲ. ಮೇಲೆ ಹೋಗಿ ಒಂದು ಹಳೇ ಸಿ.ಡಿ. ಪ್ಲೇಯರ್ ಮತ್ತು ದಪ್ಪ ಹೆಡ್‌ಫೋನ್ ತಂದರು. ಹೆಡ್‌ಫೋನಿನ ಒಂದು ಕಡೆ ಟೇಪ್ ಸುತ್ತಿತ್ತು. ರಾತ್ರಿ ಹತ್ತರ ಮೇಲೆ ಇಲ್ಲಿ ಸದ್ದು ಮಾಡುವ ಹಾಗಿಲ್ಲ ಅಲ್ವಾ. ನನ್ನ ಕಿವಿಗೆ ಅವರೇ ಹಾಕಿದರು.

ಮೊಜಾರ್ಟ್‌ನ ‘ಮಾಯಾ ಕೊಳಲು’. ರಾತ್ರಿಯ ರಾಣಿ ಮಗಳ ಕೈಗೆ ಚೂರಿ ಕೊಟ್ಟು, ಶತ್ರುವನ್ನು ಕೊಲ್ಲದಿದ್ದರೆ ನೀನು ನನ್ನ ಮಗಳೇ ಅಲ್ಲ ಎಂದು ಉರಿದುಬೀಳುವ ಹಾಡು. 1972ರಲ್ಲಿ ಮ್ಯೂನಿಕ್‌ನಲ್ಲಿ ಸವಾಲಿಶ್ ಅವರ ನಿರ್ದೇಶನದಲ್ಲಿ ಎಡ್ಡಾ ಮೋಸರ್ ಹಾಡಿದ್ದು. ಮೂರು ನಿಮಿಷವೂ ಇಲ್ಲ. ಆದರೆ ಆ ಸಿಟ್ಟು! ಒಂದು ಹಂತದಲ್ಲಿ ಮಾತು ಹಿಂದೆ ಬಿದ್ದು ಬರೀ ಸ್ವರಗಳು ಸೂಜಿ ಚುಚ್ಚಿದಂತೆ ಮೇಲೇರುತ್ತವೆ. ನಾನು ಬಾಯಿ ಅಗಲ ತೆರೆದು ಕೂಗಿದೆ. ಸದ್ದು ಬರಲಿಲ್ಲ. ಕಿವಿಯೊಳಗೆ ಅವರು ಕೂಗುತ್ತಿದ್ದರು. ಓಮಾ ಮೇಜಿನ ಮೇಲೆ ನನ್ನ ಕೈ ಗಟ್ಟಿಯಾಗಿ ಹಿಡಿದುಕೊಂಡಿದ್ದರು. ಮತ್ತೆ ಹಾಕು ಅಂತ ಸನ್ನೆ ಮಾಡಿದೆ. ನಾಲ್ಕು ಸಲ ಕೇಳಿದೆ.

ಎಲ್ಲರೂ ಪ್ರೀತಿಯಿಂದಲೇ ಹೇಳುತ್ತಿದ್ದರು, ಇಷ್ಟಕ್ಕೇ ಮುಗಿಯಿತಲ್ಲ, ದೇವರು ದೊಡ್ಡವನು, ಧೈರ್ಯವಾಗಿರು ಅಂತ. ನಾನೂ ತಲೆಯಾಡಿಸುತ್ತಿದ್ದೆ. ನನಗೆ ವಿಪರೀತ ಕೋಪ ಬಂದಿದೆ ಅಂತ ಗುರುತಿಸಿದವರು ಓಮಾ ಒಬ್ಬರೇ.

‘ಇದೇ ರೆಕಾರ್ಡಿಂಗ್ ಆಕಾಶದಲ್ಲೂ ಹೋಗುತ್ತಿದೆ, ಗೊತ್ತಾ?’ ಅಂದರು ಆಮೇಲೆ. 1977ರಲ್ಲಿ ಹಾರಿಸಿದ ವಾಯೇಜರ್ ಬಾಹ್ಯಾಕಾಶ ನೌಕೆಗಳಲ್ಲಿ ಚಿನ್ನದ ಲೇಪದ ತಾಮ್ರದ ತಟ್ಟೆ ಇಟ್ಟಿದ್ದಾರಲ್ಲ, ಅದರ 27 ಸಂಗೀತಗಳಲ್ಲಿ ಇದೂ ಒಂದು. ಮಗಳ ಮ್ಯಾಜಿಕ್ ಸ್ಲೇಟಿನ ಮೇಲೆ ಬರೆದು ಕೇಳಿದೆ: ‘ಬೇರೆ ಲೋಕದವರಿಗೆ ಕಳಿಸುವುದಕ್ಕೆ ಇಷ್ಟು ಸಿಟ್ಟಿನ ಹಾಡು ಯಾಕೆ?’ ಓಮಾ ಅಂದರು, ‘ಸಿಟ್ಟೂ ನಮ್ಮದೇ ತಾನೆ. ಅದೂ ಹೋಗಲಿ.’

ಆ ತಟ್ಟೆಯಲ್ಲಿ 55 ಭಾಷೆಗಳ ಶುಭಾಶಯ ಇದೆ. ನಿನ್ನ ಭಾಷೆ ಇದೆಯಾ ಅಂತ ಕೇಳಿದರು. ಫೋನಿನಲ್ಲಿ ಹುಡುಕಿದೆ. ಇತ್ತು. ಬೆಳಗಿನ ಜಾವ ಮೂರೂವರೆಗೆ, ಆ ಅಡುಗೆಮನೆಯಲ್ಲಿ, ಶ್ರೀನಿವಾಸ ಉಪಾಧ್ಯಾಯರ ಧ್ವನಿಯಲ್ಲಿ ನಮ್ಮ ಕನ್ನಡ: ‘ನಮಸ್ತೆ, ಕನ್ನಡಿಗರ ಪರವಾಗಿ ಶುಭಾಶಯಗಳು.’ ಓಮಾಗೆ ‘ನಮಸ್ತೆ’ ಒಂದು ಅರ್ಥವಾಯಿತು. ಕೈ ಮುಗಿದರು.

ಉಳಿದ ಕಥೆ ಆಮೇಲಿನ ತಿಂಗಳುಗಳಲ್ಲಿ ಸ್ವಲ್ಪ ಸ್ವಲ್ಪವಾಗಿ ಬಂತು. 1979ರ ‘ಡಾನ್ ಜೊವಾನಿ’ ಒಪೆರಾ ಸಿನಿಮಾದಲ್ಲಿ ಎಡ್ಡಾ ಅವರದು ಡೋನಾ ಅನ್ನಾ ಪಾತ್ರ. ನಿರ್ದೇಶಕ ಬರ್ನ್‌ಸ್ಟೈನ್ ಜೊತೆ ಆಮ್‌ಸ್ಟರ್‌ಡ್ಯಾಮ್‌ನಲ್ಲಿ ಬೀಥೋವನ್‌ನ ‘ಮಿಸ್ಸಾ ಸೊಲೆಮ್ನಿಸ್’. ಅದನ್ನು ಕೇಳುತ್ತಾ ನಾನು ಗಂಟಲಿನ ವ್ಯಾಯಾಮ ಮಾಡುತ್ತಿದ್ದೆ. ನಮ್ಮ ಕೊಲೋನ್ ಸಂಗೀತ ಕಾಲೇಜಿನಲ್ಲೇ ಅವರು ಪ್ರಾಧ್ಯಾಪಕಿಯಾಗಿದ್ದರು ಎಂದು ತಿಳಿದ ಮೇಲೆ ಆ ಕಟ್ಟಡದ ಮುಂದೆ ಸುಮ್ನೆ ಒಂದು ಸಲ ನಡೆದು ಬಂದೆ. ನನಗೆ ಎಲ್ಲಕ್ಕಿಂತ ಹತ್ತಿರವಾದದ್ದು 2006ರ ವಿಷಯ. ಅಷ್ಟು ಹಾಡಿದವರು ಜರ್ಮನ್ ಭಾಷೆಗೇ ಒಂದು ಹಬ್ಬ ಶುರು ಮಾಡಿದರು. ಮಾತನ್ನು ಚೆನ್ನಾಗಿ ಆಡುವುದಕ್ಕೆ ಒಂದು ಹಬ್ಬ! ನನ್ನ ತಾಯಿನುಡಿಯನ್ನು ಮೈಕಿನಲ್ಲಿ ಆಡಬೇಕೆಂಬ ಹಂಬಲ ಎಷ್ಟು ದೊಡ್ಡದು ಅಂತ ಓಮಾಗೆ ವಿವರಿಸಬೇಕಾಗಿ ಬರಲಿಲ್ಲ.

ಹಾಗಾಗಿ ನವೆಂಬರ್ ಒಂದಕ್ಕೆ ಏನು ಹೇಳಬೇಕೆಂದು ಹುಡುಕಲಿಲ್ಲ. ಓಮಾ ಎರಡನೇ ಸಾಲಿನಲ್ಲಿ ಕೂತಿದ್ದರು, ಕೊರಳಲ್ಲಿ ಹಳದಿ ಕೆಂಪು ಶಾಲು. ಧ್ವನಿ ಒರಟಾಗಿತ್ತು, ‘ಶುಭಾಶಯ’ದ ನಡುವೆ ಒಡೆಯಿತು, ಆದರೂ ಕೊನೆಯವರೆಗೆ ಹೋಯಿತು. ‘ನಮಸ್ತೆ’ ಎಂದ ಕೂಡಲೇ ಓಮಾ ಕೈ ಮುಗಿದದ್ದು ಕಾಣಿಸಿತು. ಚಪ್ಪಾಳೆ ಹೊಡೆದ ನಿಮ್ಮ ಮುಖಗಳು ಆಮೇಲೆ ಕಂಡವು.

ಓಮಾ, ನಾಳೆ ಇದನ್ನು ನಿಮಗೆ ಜರ್ಮನ್‌ನಲ್ಲಿ ಓದಿ ಹೇಳುತ್ತೇನೆ. ಪೂರ್ತಿ, ನನ್ನ ಬಾಯಲ್ಲೇ. ಹೋಳಿಗೆಯನ್ನೂ ತರುತ್ತೇನೆ.

ಈಗ ಮಗಳು ಒಳಗಿನಿಂದ ಕರೆಯುತ್ತಿದ್ದಾಳೆ. ನರಿ ಕಥೆ ನಿನ್ನೆ ಅರ್ಧಕ್ಕೆ ನಿಂತಿತ್ತು.