ಕಿರೀಟದ ಫೋಟೊ ಜೊತೆ ಖರ್ಚಿನ ಲೆಕ್ಕವೂ ಅಚ್ಚಾಗಲಿ

ಸಂಪಾದಕರಿಗೆ,

ಮಾನ್ಯರೇ,

ಸೌಂದರ್ಯ ಸ್ಪರ್ಧೆಗಳ ಕುರಿತು ನಿಮ್ಮ ಓದುಗರ ಅಂಕಣದಲ್ಲಿ ಬಂದ ಪತ್ರಗಳನ್ನು ಓದಿದೆ. ಹೈದರಾಬಾದಿನವರು ಮಾಡಿದ ಮೇಲೆ ಮೈಸೂರಿಗೇನು ಕಡಿಮೆ, ದಸರಾ ಹೊತ್ತಿಗೆ ಅರಮನೆ ಮುಂದೆ ಮಿಸ್ ವರ್ಲ್ಡ್ ನಡೆಸಲಿ, ಪ್ರವಾಸಿಗರು ಬರುತ್ತಾರೆ ಎಂದು ಒಬ್ಬರು ಬರೆದಿದ್ದಾರೆ. ಇನ್ನೊಬ್ಬರು, ಇಂಥ ಸ್ಪರ್ಧೆಗೆ ನಿಲ್ಲುವ ಹುಡುಗಿಯರಿಗೂ ಮಾನ ಇಲ್ಲ, ಕಳಿಸುವ ಹೆತ್ತವರಿಗೂ ಇಲ್ಲ ಎಂದಿದ್ದಾರೆ. ಮಂಡ್ಯದಲ್ಲಿ ಬ್ಯೂಟಿ ಪಾರ್ಲರ್ ನಡೆಸುವ ನನಗೆ ಇಬ್ಬರ ಮಾತೂ ಹಿಡಿಸಲಿಲ್ಲ. ಒಬ್ಬರ ಕಣ್ಣಿಗೆ ಆ ಹುಡುಗಿಯರು ಊರಿನ ಜಾಹೀರಾತು, ಇನ್ನೊಬ್ಬರ ಕಣ್ಣಿಗೆ ಊರಿನ ಮಾನ. ಅಲ್ಲಿ ಅವರು ಬೆಳಗಿನಿಂದ ರಾತ್ರಿವರೆಗೆ ದುಡಿಯುತ್ತಿರುತ್ತಾರೆ. ಆ ದುಡಿಮೆಗೆ ಕಾಸು ಹಾಕುವವರು ಯಾರು, ಕಾಸು ಮಾಡಿಕೊಳ್ಳುವವರು ಯಾರು ಅಂತ ಕೇಳಿದವರನ್ನೇ ನಾನು ಕಾಣೆ.

ನಮ್ಮ ಕಡೆಯ ನಡುವಯಸ್ಸಿನವರಿಗೆ 1996 ನೆನಪಿರಬೇಕು. ಆ ನವೆಂಬರ್ 23ರಂದು ಬೆಂಗಳೂರಿನ ಚಿನ್ನಸ್ವಾಮಿ ಕ್ರೀಡಾಂಗಣದಲ್ಲಿ ಮಿಸ್ ವರ್ಲ್ಡ್ ನಡೆಯಿತು. ಜೆ.ಎಚ್. ಪಟೇಲರು ಮುಖ್ಯಮಂತ್ರಿ, ಅಮಿತಾಭ್ ಬಚ್ಚನ್ ಅವರ ಎಬಿಸಿಎಲ್ ಕಂಪನಿಯ ಮೇಲ್ವಿಚಾರಣೆ. ಸಂಸ್ಕೃತಿ ಹಾಳಾಗುತ್ತದೆ ಎಂದವರು, ಹೆಣ್ಣನ್ನು ಸರಕು ಮಾಡಬೇಡಿ ಎಂದ ಮಹಿಳಾ ಸಂಘಟನೆಗಳು, ಪ್ರೊ. ನಂಜುಂಡಸ್ವಾಮಿಯವರ ರೈತ ಸಂಘ, ಹೀಗೆ ಜನ್ಮದಲ್ಲಿ ಒಂದೇ ವೇದಿಕೆ ಹತ್ತದವರೆಲ್ಲ ಒಂದೇ ವಿಷಯಕ್ಕೆ ಬೀದಿಗಿಳಿದಿದ್ದರು. ಈಜುಡುಗೆ ಸುತ್ತನ್ನು ಸೆಶೆಲ್ಸ್ ದ್ವೀಪಕ್ಕೆ ಸಾಗಿಸಿದರು. ಮದುರೈಯಲ್ಲಿ ಒಬ್ಬ ಯುವಕ ಪ್ರತಿಭಟಿಸಿ ಬೆಂಕಿ ಹಚ್ಚಿಕೊಂಡು ಸತ್ತ. ಎಬಿಸಿಎಲ್ ಮುಂದೆ ಸಾಲದಲ್ಲಿ ಮುಳುಗಿತು. ಇಷ್ಟೆಲ್ಲ ಜನರ ನೆನಪಿನಲ್ಲಿದೆ. ಗೆದ್ದವಳು ಗ್ರೀಸಿನ ಐರಿನ್ ಸ್ಕ್ಲಿವಾ, ನಮ್ಮ ರಾಣಿ ಜೈರಾಜ್ ಕೊನೆಯ ಐವರಲ್ಲಿ ನಿಂತಿದ್ದರು ಎಂಬುದು ಎಷ್ಟು ಜನಕ್ಕೆ ಗೊತ್ತು? ಪರ ಇದ್ದವರಿಗೂ ವಿರೋಧ ಇದ್ದವರಿಗೂ ವೇದಿಕೆ ಮೇಲಿನ ಹೆಣ್ಣುಮಕ್ಕಳು ನೆಪ ಮಾತ್ರ.

ಇದರ ಹುಟ್ಟನ್ನೇ ನೋಡಿ. 1951ರಲ್ಲಿ ಲಂಡನ್ನಿನಲ್ಲಿ ಎರಿಕ್ ಮೋರ್ಲಿ ಎಂಬಾತ ಬ್ರಿಟನ್ ಉತ್ಸವದ ಹೊತ್ತಿಗೆ ಜನ ಸೇರಿಸಲು ಮಾಡಿದ ಮೋಜಿನ ಸ್ಪರ್ಧೆಯೇ ಮಿಸ್ ವರ್ಲ್ಡ್ ಆಯಿತು. ಮರುವರ್ಷ ಕ್ಯಾಲಿಫೋರ್ನಿಯಾದ ಲಾಂಗ್ ಬೀಚ್‌ನಲ್ಲಿ ಶುರುವಾದ ಮಿಸ್ ಯೂನಿವರ್ಸ್ ಹಿಂದೆ ಇದ್ದದ್ದು ಈಜುಡುಗೆ ತಯಾರಿಸುವ ಕಂಪನಿ. ವ್ಯಾಪಾರಕ್ಕೆ ಹುಟ್ಟಿದ್ದು, ವ್ಯಾಪಾರವಾಗಿಯೇ ಬೆಳೆದಿದೆ. ಮಿಸ್ ಯೂನಿವರ್ಸ್ ಸಂಸ್ಥೆ ಟ್ರಂಪ್ ಕೈಯಲ್ಲೂ ಇದ್ದು, 2022ರಲ್ಲಿ ಥಾಯ್ಲೆಂಡಿನ ಒಂದು ಕಂಪನಿಗೆ 2 ಕೋಟಿ ಡಾಲರಿಗೆ ಮಾರಾಟವಾಯಿತು. ಪ್ರತಿ ದೇಶದಲ್ಲೂ ಒಬ್ಬರು ಲೈಸೆನ್ಸ್ ಕೊಂಡು ಸ್ಪರ್ಧೆ ನಡೆಸಿ ಹುಡುಗಿಯನ್ನು ಕಳಿಸುತ್ತಾರೆ. ಲೈಸೆನ್ಸಿಗೆ ಹಾಕಿದ ದುಡ್ಡು ಎಲ್ಲಿಂದಲಾದರೂ ವಾಪಸ್ ಬರಬೇಕಲ್ಲ.

ಹಾಗಂತ ಹುಡುಗಿಯರು ಕೈಗೊಂಬೆಗಳಾಗಿದ್ದರು ಎಂದರೆ ಅದೂ ಅನ್ಯಾಯ. 1966ರಲ್ಲಿ ಏಷ್ಯಾಕ್ಕೆ ಮೊದಲ ಮಿಸ್ ವರ್ಲ್ಡ್ ಕಿರೀಟ ತಂದ ರೀಟಾ ಫಾರಿಯಾ ಮುಂಬೈಯಲ್ಲಿ ವೈದ್ಯಕೀಯ ಓದುತ್ತಿದ್ದವರು. ಒಂದು ವರ್ಷ ಕಿರೀಟದ ಕೆಲಸ ಮುಗಿಸಿದರು. ಆ ಕೆಲಸದಲ್ಲಿ ಅಮೆರಿಕದ ಸೈನಿಕರ ಮುಂದೆ ನಿಲ್ಲಲು ವಿಯೆಟ್ನಾಂಗೆ ಹೋಗುವುದೂ ಸೇರಿತ್ತು, ಅದಕ್ಕೆ ಇಲ್ಲಿ ಬೈಸಿಕೊಂಡದ್ದೂ ಅವರೇ. ಆಮೇಲೆ ಮಾಡೆಲಿಂಗ್, ಸಿನಿಮಾ ಯಾವುದೂ ಬೇಡವೆಂದು ಓದಿಗೆ ಮರಳಿ ಡಾಕ್ಟರಾದರು. 1994ರಲ್ಲಿ ಸುಷ್ಮಿತಾ ಸೇನ್, ಮಂಗಳೂರಿನಲ್ಲಿ ಹುಟ್ಟಿದ ಐಶ್ವರ್ಯಾ ರೈ ಎರಡೂ ಕಿರೀಟ ತಂದ ಮೇಲೆ ನಮ್ಮಂಥ ಊರುಗಳಲ್ಲಿ ಪಾರ್ಲರ್ ಬೋರ್ಡುಗಳು ಹೆಚ್ಚಿದವು. ನನ್ನ ಕಸುಬಿಗೆ ಲಾಭವೇ ಆಯಿತು, ಸುಳ್ಳು ಯಾಕೆ ಹೇಳಲಿ.

ಈಗ ಹೈದರಾಬಾದಿನ ಮಾತಿಗೆ ಬರುತ್ತೇನೆ. 2025ರ ಮೇ ತಿಂಗಳಿಡೀ ನೂರಕ್ಕೂ ಹೆಚ್ಚು ದೇಶಗಳ ಹುಡುಗಿಯರನ್ನು ತೆಲಂಗಾಣದ ಗುಡಿ ಗೋಪುರ, ನೇಕಾರರ ಊರು ಅಂತ ಸುತ್ತಿಸಿದರು. ರಾಮಪ್ಪ ಗುಡಿಯ ಬಳಿ ಸ್ಥಳೀಯ ಹೆಣ್ಣುಮಕ್ಕಳು ಅವರ ಕಾಲಿಗೆ ನೀರು ಹಾಕಿ ಒರೆಸಿದ ದೃಶ್ಯ ಟಿವಿಯಲ್ಲಿ ಬಂದು ದೊಡ್ಡ ಗಲಾಟೆಯಾಯಿತು. ಇಂಗ್ಲೆಂಡಿನ ಮಿಲ್ಲಾ ಮ್ಯಾಗಿ ಅರ್ಧಕ್ಕೇ ಊರಿಗೆ ಹೊರಟುಹೋದರು. ಪ್ರಾಯೋಜಕರ ಮೇಜಿನಲ್ಲಿ ಕೂತು ಅವರನ್ನು ಖುಷಿಪಡಿಸುವ ಹಾಗೆ ನಮ್ಮನ್ನು ನಡೆಸಿಕೊಂಡರು ಎಂಬುದು ಆಕೆಯ ದೂರು. ಸಂಘಟಕರು ಅಲ್ಲಗಳೆದರು, ಸರ್ಕಾರ ತನಿಖೆಗೆ ಹೇಳಿತು. ಮೇ 31ಕ್ಕೆ ಥಾಯ್ಲೆಂಡಿನ ಓಪಲ್ ಸುಚಾತಾ ತಲೆಗೆ ಕಿರೀಟ ಏರಿದ ಮೇಲೆ ಎಲ್ಲರೂ ಆ ಸುದ್ದಿ ಮರೆತರು.

ಅದೇ ವರ್ಷ ನವೆಂಬರಿನಲ್ಲಿ ಥಾಯ್ಲೆಂಡಿನಲ್ಲಿ ಮಿಸ್ ಯೂನಿವರ್ಸ್. ಪ್ರಚಾರದ ಪೋಸ್ಟ್ ಹಾಕಲಿಲ್ಲವೆಂದು ಮೆಕ್ಸಿಕೋದ ಫಾತಿಮಾ ಬಾಷ್‌ಗೆ ಸಂಘಟಕರಲ್ಲೊಬ್ಬರು ಎಲ್ಲರೆದುರೇ ಗದರಿದರು. ಆಕೆ ಎದ್ದು ನಡೆದಳು. ಹಿಂದೆಯೇ ಹಲವು ಸ್ಪರ್ಧಿಗಳು, ಹಿಂದಿನ ವರ್ಷ ಗೆದ್ದ ಡೆನ್ಮಾರ್ಕಿನವಳೂ ಸೇರಿ, ಗೌನಿನ ಸೆರಗು ಎತ್ತಿಕೊಂಡು ಹೊರಟರು. ಆ ವಿಡಿಯೊ ನಮ್ಮ ಪಾರ್ಲರಿನಲ್ಲಿ ಎಷ್ಟು ಸಲ ಓಡಿತೋ! ಮದುವಣಗಿತ್ತಿಯ ಕೈಗೆ ಮೆಹಂದಿ ಹಾಕುತ್ತಿದ್ದ ನನ್ನ ಸಹಾಯಕಿ ಕೋನ್ ಕೆಳಗಿಟ್ಟು ನೋಡಿದಳು. ಕೊನೆಗೆ ಗೆದ್ದದ್ದೂ ಫಾತಿಮಾಳೇ. ಪೋಸ್ಟ್ ಹಾಕಬೇಕು ಎಂಬುದು ಆಕೆ ಸಹಿ ಮಾಡಿದ ಕರಾರಿನಲ್ಲಿತ್ತೋ ಇಲ್ಲವೋ ಎಂಬುದೇ ಅಸಲು ಪ್ರಶ್ನೆ. ನಮ್ಮ ಟಿವಿಯವರು ಅದನ್ನು ಬಿಟ್ಟು ಜಗಳವನ್ನಷ್ಟೇ ತೋರಿಸಿದರು.

ಬ್ಯಾಂಕಾಕಿನ ಈ ಕಥೆ ಮಂಡ್ಯಕ್ಕೆ ಯಾಕೆ ಅನ್ನಬಹುದು. ಇದೇ ವ್ಯಾಪಾರದ ಕೊನೆಯ ಕೊಂಡಿ ನಮ್ಮ ಜಿಲ್ಲೆಯ ಸಭಾಂಗಣಗಳಲ್ಲಿದೆ. ಆಷಾಢದಲ್ಲಿ ಮದುವೆಗಳಿಲ್ಲ, ಕಲ್ಯಾಣ ಮಂಟಪ ಕಡಿಮೆ ಬಾಡಿಗೆಗೆ ಸಿಗುತ್ತದೆ. ನಮ್ಮ ಕಡೆ ಇಂಥ ಸ್ಪರ್ಧೆಗಳು ಜಾಸ್ತಿ ನಡೆಯುವುದು ಆ ತಿಂಗಳಲ್ಲೇ. ಮದ್ದೂರಿನ ಆಚೆಯ ಹಳ್ಳಿಯ ಒಬ್ಬ ಪದವಿ ವಿದ್ಯಾರ್ಥಿನಿ ಮೇಕಪ್ ಮಾಡಿಸಿಕೊಳ್ಳಲು ಬಂದಿದ್ದಳು. ‘ಗೆದ್ರೆ ಸ್ಟೇಟು, ಆಮೇಲೆ ಇಂಡಿಯಾ, ಅದಾದ್ಮೇಲೆ ಇಂಟರ್‌ನ್ಯಾಷನಲ್ ಅಂತೆ ಕಣಕ್ಕ’ ಎಂದಳು. ಕೂದಲು ಸುರುಳಿ ಮಾಡುತ್ತಾ ಒಂದೊಂದಾಗಿ ಕೇಳಿದೆ. ನೋಂದಣಿ ಶುಲ್ಕ ಬೇರೆ. ನಡಿಗೆ ಕಲಿಸುವ ಮೂರು ದಿನದ ತರಬೇತಿಗೆ ಬೇರೆ. ಫೋಟೊ ಶೂಟ್‌ಗೆ ಬೇರೆ, ಅದೂ ಅವರು ಹೇಳಿದ ಫೋಟೊಗ್ರಾಫರ್ ಹತ್ತಿರವೇ. ಗೌನ್ ಬಾಡಿಗೆ. ಮೇಲೆ ಇಷ್ಟು ಟಿಕೆಟ್ ಮಾರಿಕೊಡಬೇಕು, ಮಾರದಿದ್ದರೆ ಕೈಯಿಂದ ಕಟ್ಟಬೇಕು. ರಸೀದಿ ಯಾವುದಕ್ಕೂ ಇಲ್ಲ. ಹಿಮ್ಮಡಿಯಲ್ಲಿ ಹೊಸ ಹೀಲ್ಸ್ ಉಜ್ಜಿ ಬೊಬ್ಬೆ ಒಡೆದಿತ್ತು. ಅದಕ್ಕೆ ಪ್ಲಾಸ್ಟರ್ ಅಂಟಿಸಿ, ಮೇಲೆ ಫೌಂಡೇಶನ್ ಸವರಿ ಕಾಣದಂತೆ ಮಾಡಿದೆ. ನನ್ನ ದುಡ್ಡು ಕೇಳಿದಾಗ ‘ಡೇರಿ ಬಟವಾಡೆ ಆದ್ಮೇಲೆ ಅವ್ವ ಕೊಡ್ತಾಳೆ ಕಣಕ್ಕ’ ಅಂದಳು. ಆ ಸಂಜೆ ಅವಳಿಗೆ ಸಿಕ್ಕಿದ್ದು ಒಳ್ಳೆಯ ನಗುವಿಗೆ ಅಂತ ಹೆಗಲಿಗೆ ಅಡ್ಡ ತೊಡಿಸುವ ಬಟ್ಟೆಯ ಪಟ್ಟಿ. ವೇದಿಕೆ ಹತ್ತಿದ ಯಾರೂ ಬರಿಗೈಯಲ್ಲಿ ಇಳಿಯಲಿಲ್ಲವಂತೆ. ಕೂದಲಿಗೊಂದು, ನಡಿಗೆಗೊಂದು, ಕಣ್ಣಿಗೊಂದು ಪಟ್ಟಿ. ಜಾತ್ರೆಯಲ್ಲಿ ರಿಂಗ್ ಎಸೆದವರಿಗೆಲ್ಲ ಒಂದು ಸೋಪು ಕೊಟ್ಟ ಹಾಗೆ. ಮುಂದಿನ ಹಂತಕ್ಕೆ ಎಲ್ಲರೂ ಆಯ್ಕೆ, ಮತ್ತೆ ಶುಲ್ಕ.

ಮರುದಿನ ಪತ್ರಿಕೆಯಲ್ಲಿ ಬಂದದ್ದು ಸಂಘಟಕರು ಕಳಿಸಿದ ಫೋಟೊ ಮತ್ತು ನಾಲ್ಕು ಸಾಲು. ನಿಮ್ಮೊಬ್ಬರ ಪತ್ರಿಕೆ ಅಂತ ಅಲ್ಲ, ಎಲ್ಲರದ್ದೂ ಅದೇ. ಆ ಫೋಟೊ ನೋಡಿಯೇ ಮುಂದಿನ ವರ್ಷ ಇನ್ನಷ್ಟು ಹುಡುಗಿಯರು ದುಡ್ಡು ಕಟ್ಟುತ್ತಾರೆ.

ಇಂಥವರಲ್ಲಿ ಬಹಳ ಮಂದಿ ‘ಅಕ್ಕ, ಬೆಳ್ಳಗೆ ಕಾಣೋ ಹಂಗೆ ಮಾಡಿ’ ಎಂದೇ ಕುರ್ಚಿ ಮೇಲೆ ಕೂರುತ್ತಾರೆ. 2019ರಲ್ಲಿ ಮಿಸ್ ಯೂನಿವರ್ಸ್ ಆದ ದಕ್ಷಿಣ ಆಫ್ರಿಕಾದ ಜೋಜಿಬಿನಿ ತುಂಜಿಯ ಫೋಟೊ ಕನ್ನಡಿ ಪಕ್ಕ ಅಂಟಿಸಿದ್ದೇನೆ. ಕಪ್ಪು ಮೈಬಣ್ಣ, ಗಂಡುಮಕ್ಕಳ ಹಾಗೆ ಮೊಟಕಾದ ಗುಂಗುರು ಕೂದಲು. ಒಂದು ಕ್ಷಣ ನೋಡಿ, ಆಮೇಲೂ ಬ್ಲೀಚ್ ಕೇಳುತ್ತಾರೆ. ಬ್ಲೀಚ್ ಮಾಡಿಯೇ ಬದುಕುವ ನಾನು ಇದಕ್ಕಿಂತ ಹೆಚ್ಚಿಗೆ ಮಾತಾಡುವಂತಿಲ್ಲ.

ಅರಮನೆ ಮುಂದೆ ಮಿಸ್ ವರ್ಲ್ಡ್ ಆಗಲಿ ಎನ್ನುವವರು ಮೊದಲು ಒಂದಿಷ್ಟು ಕಾಗದ ಕೇಳಲಿ. ಸರ್ಕಾರದ ಬೊಕ್ಕಸದಿಂದ ಎಷ್ಟು ಹೋಗುತ್ತದೆ? ಪ್ರಾಯೋಜಕರ ಊಟಕ್ಕೆ ಹೋಗಲೇಬೇಕೆಂಬ ಷರತ್ತು ಸ್ಪರ್ಧಿಗಳ ಕರಾರಿನಲ್ಲಿದೆಯೇ? ಬೇಡವೆಂದು ಹೊರಟವಳಿಗೆ ದಂಡವೇ? ದೂರು ಕೊಡಲು ಯಾರಿದ್ದಾರೆ? ಕೆಲಸದ ಸ್ಥಳದ ಲೈಂಗಿಕ ಕಿರುಕುಳ ತಡೆಗೆ 2013ರಲ್ಲೇ ಕಾನೂನು ಬಂದಿದೆ. ನೌಕರಿಯಲ್ಲಿರಲಿ, ಇಲ್ಲದಿರಲಿ, ಯಾವ ವಯಸ್ಸಿನ ಹೆಣ್ಣಾದರೂ ಅದರಡಿ ದೂರು ಕೊಡಬಹುದು. ಹತ್ತು ಜನಕ್ಕಿಂತ ಕಡಿಮೆ ಕೆಲಸಗಾರರಿರುವ ಕಡೆಯ ದೂರಿಗೂ ಜಿಲ್ಲೆಗೊಂದು ಸಮಿತಿ ಇರಬೇಕು. ನಮ್ಮ ಸಭಾಂಗಣದ ಸ್ಪರ್ಧೆಗಳಲ್ಲಿ ಆ ಸಮಿತಿಯ ಹೆಸರನ್ನಾದರೂ ಕೇಳಿದ ಹುಡುಗಿ ನನಗಿನ್ನೂ ಸಿಕ್ಕಿಲ್ಲ. ಇನ್ನು ಮಾನದ ಮಾತೆತ್ತಿದ ಓದುಗರು, ಆ ಸಿಟ್ಟನ್ನು ರಸೀದಿ ಕೊಡದವರ ಮೇಲೆ ತಿರುಗಿಸಿದರೆ ಹೆತ್ತವರಿಗೂ ಉಪಕಾರವಾದೀತು.

ಪತ್ರಿಕೆಯವರಲ್ಲಿ ನನ್ನ ಕೋರಿಕೆ ಇಷ್ಟೇ. ಸೌಂದರ್ಯ ಸ್ಪರ್ಧೆಯ ಪ್ರಕಟಣೆ ಬಂದಾಗ ಶುಲ್ಕ ಎಷ್ಟು, ಬಹುಮಾನ ದುಡ್ಡೋ ಬರೀ ಪಟ್ಟಿಯೋ, ನಡೆಸುವವರು ಯಾರು, ಹಿಂದಿನ ವರ್ಷ ಗೆದ್ದವಳಿಗೆ ಹೇಳಿದ್ದು ಸಿಕ್ಕಿತೇ ಎಂಬುದನ್ನೂ ಕೇಳಿ, ಫೋಟೊ ಕೆಳಗೇ ಹಾಕಿ. ಸ್ಪರ್ಧೆಯವರು ಕರಪತ್ರ ಇಡಲು ಮೊದಲು ಬರುವುದು ನಮ್ಮಂಥ ಪಾರ್ಲರುಗಳಿಗೆ. ಒಟ್ಟು ಖರ್ಚು ಬರೆಯದ ಕರಪತ್ರವನ್ನು ಕೌಂಟರ್ ಮೇಲೆ ಇಡಗೊಡುವುದಿಲ್ಲ ಎಂದು ನಾನಂತೂ ಹೇಳಿಯಾಗಿದೆ. ಒಬ್ಬರು ಗೊಣಗುತ್ತಾ ಪಕ್ಕದ ಬೀದಿಯ ಪಾರ್ಲರಿಗೆ ಹೋದರು. ಪತ್ರಿಕೆಯಲ್ಲೂ ಅದೇ ಮಾತು ಕೇಳಿಬಂದರೆ ಹೋಗಲು ಇನ್ನೊಂದು ಬೀದಿ ಇರುವುದಿಲ್ಲ.

ಇತಿ,
ಪಾರ್ಲರ್ ನಡೆಸುವ ಓದುಗರೊಬ್ಬರು,
ಮಂಡ್ಯ