ಜಠೇರಾ ನೋಡಿ ಕೈಮಡ ನೆನಪಾಯಿತು

ಮಾನ್ಯ ಸಂಪಾದಕರೇ,

ಮಳೆಗೆ ಮೂರು ದಿನ ಕರೆಂಟ್ ಇರಲಿಲ್ಲ. ಬಂದ ರಾತ್ರಿ ಮೊಮ್ಮಗಳು ಮೊಬೈಲಿನಲ್ಲಿ ಒಂದು ಪಂಜಾಬಿ ಧಾರಾವಾಹಿ ತೋರಿಸಿದಳು. ಕೆನಡಾದ ಅಕ್ಕ ತಂಗಿ ಅಜ್ಜಿಯ ಹಳ್ಳಿ ಹುಡುಕಿ ಬರುವ ಕತೆ. ಅಳು ಸ್ವಲ್ಪ ಜಾಸ್ತಿಯೇ. ಆದರೆ ಜಠೇರಾ ಮುಂದೆ, ಅಂದರೆ ಕುಲದ ಹಿರಿಯರ ಗುಡಿಯ ಮುಂದೆ, ಇಬ್ಬರೂ ದೀಪ ಹಚ್ಚಿದಾಗ ನಮ್ಮ ಕೊಡಗಿನಲ್ಲಿ ಹಿರಿಯರಿಗೆ ದೀಪ ಇಡುವ ಗುಡಿ, ಕೈಮಡವೇ ಕಣ್ಣೆದುರು ಬಂತು.

ನನ್ನ ತಂಗಿಯೂ ಟೊರಾಂಟೊದಲ್ಲಿದ್ದಾಳೆ. ನಮ್ಮ ಸುಗ್ಗಿ ಹಬ್ಬ ಪುತ್ತರಿಗೆ ಬಂದು ಹನ್ನೊಂದು ವರ್ಷವಾಯಿತು. ತವರಿನ ಕುಲದ ಮೂಲಮನೆಯಾದ ಐನ್‌ಮನೆಯ ನಡುಮನೆ, ನೆಲ್ಲಕ್ಕಿ ನಡುಬಾಡೆಯಲ್ಲಿ ತೂಗುದೀಪ ಉರಿಯುವುದನ್ನು ವಿಡಿಯೋ ಕಾಲ್‌ನಲ್ಲಿ ನೋಡುತ್ತಾಳೆ. "ಕಂಬದ ಮೇಲೆ ನಾವು ಕೆತ್ತಿದ ಗೆರೆ ಇದೆಯಾ ಅಕ್ಕ?" ಎಂದು ಪ್ರತಿ ಸಲ ಕೇಳುತ್ತಾಳೆ. ಇದೆ.

ಪಂಜಾಬಿನವರ ಕಷ್ಟ ದೊಡ್ಡದು. 1947ರಲ್ಲಿ ಎಷ್ಟೋ ಜನರ ಹಳ್ಳಿ ಗಡಿಯಾಚೆ ಉಳಿಯಿತು. ನಮ್ಮ ಮನೆ ಇಲ್ಲೇ ಇದೆ, ಹೆಂಚು ಸೋರುತ್ತಿದೆ ಅಷ್ಟೆ. ಮದುವೆಯಾದ ಹೆಣ್ಣಿನ ಒಕ್ಕ, ಅಂದರೆ ಕುಲ, ಬೇರೆ ಎಂದು ರಿಪೇರಿಯ ಮಾತುಕತೆಗೆ ನಮ್ಮನ್ನು ಕರೆಯುವುದಿಲ್ಲ. ದುಡ್ಡು ಮಾತ್ರ ಕೇಳುತ್ತಾರೆ! ಐನ್‌ಮನೆಗಳ ಬಗ್ಗೆ ಬರೆಯುವಾಗ ಅಲ್ಲಿ ಹುಟ್ಟಿದ ಹೆಣ್ಣುಮಕ್ಕಳನ್ನೂ ಒಮ್ಮೆ ಮಾತನಾಡಿಸಿ.

– ಕಾಫಿ ಬೆಳೆಗಾರ್ತಿ, ನಾಪೋಕ್ಲು, ಕೊಡಗು